ಹಕ್ಕಲಾಯುವ ಕ್ಯಾಮೆರಾ

ಕೊಯ್ಲು ಮುಗಿದು ತೆನೆಯ ಹೊರೆಗಳೆಲ್ಲ ಕಣ ಸೇರಿದ ಮೇಲೂ ಹೊಲ ಪೂರ್ತಿ ಬರಿದಾಗುವುದಿಲ್ಲ. ಕುಡುಗೋಲಿಗೆ ಸಿಕ್ಕದೆ ಉಳಿದ ತೆನೆ, ಹೊರೆ ಕಟ್ಟುವಾಗ ಉದುರಿದ ಕಾಳು, ಕಿತ್ತ ಬಳಿಕವೂ ಮಣ್ಣಿನೊಳಗೇ ಅಡಗಿ ಕುಳಿತ ಶೇಂಗಾ - ಇವಕ್ಕೆ ಕನ್ನಡದಲ್ಲಿ ‘ಹಕ್ಕಲು’ ಎಂಬ ಹೆಸರಿದೆ. ಹಕ್ಕಲಾಯುವವರು ಹೊಲದ ಒಡೆಯರಲ್ಲ. ಸ್ವಂತ ನೆಲವಿಲ್ಲದವರು, ಮುದುಕಿಯರು, ಮಕ್ಕಳು. ಒಡೆಯನ ಲೆಕ್ಕದಲ್ಲಿ ಮುಗಿದುಹೋದ ಫಸಲು ಅವರ ಪಾಲಿಗೆ ಆಗಷ್ಟೇ ಆರಂಭವಾಗುತ್ತದೆ. ಫ್ರಾನ್ಸ್ ದೇಶದಲ್ಲಂತೂ ಈ ಪದ್ಧತಿಗೆ ಶಾಸನದ ಬಲವೇ ಇತ್ತು. ಕೊಯ್ಲಿನ ನಂತರ, ಸೂರ್ಯೋದಯ ಮತ್ತು ಸೂರ್ಯಾಸ್ತದ ನಡುವೆ, ಬಡವರು ಹೊಲಕ್ಕಿಳಿದು ಉಳಿದುದನ್ನು ಆಯ್ದುಕೊಳ್ಳಬಹುದೆಂದು 1554ರ ರಾಜಶಾಸನವೊಂದು ಹೇಳಿತ್ತು.

ಈ ಶಾಸನದ ಸಂಗತಿ ನನಗೆ ತಿಳಿದದ್ದು ಇತಿಹಾಸದ ಪುಸ್ತಕದಿಂದಲ್ಲ, ಒಂದು ಚಲನಚಿತ್ರದಿಂದ. 2000ದಲ್ಲಿ ತೆರೆಕಂಡ ಆ ಸಾಕ್ಷ್ಯಚಿತ್ರದಲ್ಲಿ ಕಪ್ಪು ನಿಲುವಂಗಿ ತೊಟ್ಟ ವಕೀಲರೊಬ್ಬರು ತರಕಾರಿ ಹೊಲದ ನಡುವೆ ನಿಂತು, ಕೈಯಲ್ಲಿ ಕಾನೂನಿನ ಕೆಂಪು ಹೊತ್ತಗೆ ಹಿಡಿದು, ಹಕ್ಕಲಾಯುವವರ ಹಕ್ಕುಗಳನ್ನು ಗಂಭೀರವಾಗಿ ವಿವರಿಸುತ್ತಾರೆ. ನಗು ತರಿಸುವ ದೃಶ್ಯ ಅದು. ಆದರೆ ನಗುತ್ತಿರುವಂತೆಯೇ ಅದು ಎಷ್ಟು ನ್ಯಾಯವಾದ ಮಾತೆಂಬುದು ಮನಸ್ಸಿಗೆ ಬರುತ್ತದೆ. ಚಿತ್ರದ ಹೆಸರನ್ನು ಕನ್ನಡಿಸುವುದಾದರೆ ‘ಹಕ್ಕಲಾಯುವವರು ಮತ್ತು ನಾನು’ ಎನ್ನಬೇಕಾದೀತು. ಅದನ್ನು ನಿರ್ಮಿಸಿದವರು ಆನ್ಯೆಸ್ ವಾರ್ದಾ. ಮೂಲ ಫ್ರೆಂಚ್ ಹೆಸರಿನಲ್ಲಿ ‘ನಾನು’ ಎಂಬ ಪದವಿಲ್ಲ. ‘ಹಕ್ಕಲಾಯುವವರು’ ಎಂಬ ಬಹುವಚನ ಮತ್ತು ‘ಹಕ್ಕಲಾಯುವವಳು’ ಎಂಬ ಸ್ತ್ರೀಲಿಂಗದ ಏಕವಚನ ಅಲ್ಲಿ ಅಕ್ಕಪಕ್ಕ ನಿಂತಿವೆ. ಆ ಒಬ್ಬಳು ನಿರ್ದೇಶಕಿಯೇ.

ವಾರ್ದಾ ತಮ್ಮ ಬದುಕನ್ನು ಮೂರು ಭಾಗ ಮಾಡಿ ಹೇಳುತ್ತಿದ್ದರು: ಮೊದಲು ಛಾಯಾಗ್ರಾಹಕಿ, ಅನಂತರ ಚಲನಚಿತ್ರ ನಿರ್ದೇಶಕಿ, ಕೊನೆಗೆ ದೃಶ್ಯಕಲಾವಿದೆ. 2003ರಲ್ಲಿ, ಎಪ್ಪತ್ತೈದರ ವಯಸ್ಸಿನಲ್ಲಿ, ವೆನಿಸ್ ಬಿನಾಲೆ ಎಂಬ ಜಗತ್ಪ್ರಸಿದ್ಧ ಕಲಾಪ್ರದರ್ಶನಕ್ಕೆ ಅವರು ಮೊದಲ ಬಾರಿಗೆ ಕಲಾವಿದೆಯಾಗಿ ಕಾಲಿಟ್ಟಾಗ, ಸಿನಿಮಾದ ಹಿರಿಯಜ್ಜಿ ಮುಪ್ಪಿನಲ್ಲಿ ಹೊಸ ಕಸುಬು ಹಿಡಿದರೆಂದು ಜಗತ್ತು ಬೆರಗುಪಟ್ಟಿತು. ನನಗೆ ಹಾಗೆ ಅನ್ನಿಸುವುದಿಲ್ಲ. ಅವರ ಚಿತ್ರಗಳನ್ನೂ ಆ ಬಳಿಕದ ಕಲಾಕೃತಿಗಳನ್ನೂ ಸಾಲಾಗಿಟ್ಟು ನೋಡಿದರೆ ಅಲ್ಲಿರುವುದು ಮೂರು ಕಸುಬುಗಳಲ್ಲ, ಒಂದೇ. ಬೇರೆಯವರು ಸಾಕೆಂದು ಬಿಟ್ಟುಹೋದ ಜಾಗಕ್ಕೆ ಮರಳಿ ಬಂದು, ಬಗ್ಗಿ, ಉಳಿದುದನ್ನು ಎತ್ತಿಕೊಳ್ಳುವುದು. ಎತ್ತಿಕೊಂಡದ್ದನ್ನು ಇಡಲು ಒಮ್ಮೆ ಫೋಟೊ ಸಾಕಾಗುತ್ತಿತ್ತು, ಒಮ್ಮೆ ಸಿನಿಮಾ ಬೇಕಾಗುತ್ತಿತ್ತು, ಮತ್ತೊಮ್ಮೆ ಒಂದು ಇಡೀ ಕೋಣೆಯೇ ಬೇಕಾಗುತ್ತಿತ್ತು. ಬದಲಾದದ್ದು ಬುಟ್ಟಿ ಮಾತ್ರ.

1928ರ ಮೇ 30ರಂದು ಬೆಲ್ಜಿಯಂನ ಬ್ರಸೆಲ್ಸ್ ಬಳಿ ಹುಟ್ಟಿದ ವಾರ್ದಾ, 1940ರ ಯುದ್ಧಕಾಲದಲ್ಲಿ ಕುಟುಂಬದೊಡನೆ ದಕ್ಷಿಣ ಫ್ರಾನ್ಸಿನ ಸೆತ್ ಎಂಬ ಬಂದರು ಪಟ್ಟಣಕ್ಕೆ ಬಂದರು. ಪ್ಯಾರಿಸ್ಸಿನಲ್ಲಿ ಕಲೆಯ ಇತಿಹಾಸವನ್ನು ಓದಿ, ಛಾಯಾಗ್ರಹಣವನ್ನು ಕಲಿತು, ಜಾನ್ ವಿಲಾರ್ ಎಂಬ ಮಹಾನ್ ರಂಗಕರ್ಮಿಯ ನಾಟಕಸಂಸ್ಥೆಯಲ್ಲಿ ಛಾಯಾಗ್ರಾಹಕಿಯಾದರು. 1951ರಿಂದ ಅವರ ವಾಸ ಪ್ಯಾರಿಸ್ಸಿನ ದಾಗೇರ್ ಬೀದಿಯಲ್ಲಿ. ಛಾಯಾಚಿತ್ರ ಕಲೆಯ ಆದಿಪುರುಷರಲ್ಲೊಬ್ಬನಾದ ದಾಗೇರನ ಹೆಸರಿನ ಬೀದಿಯಲ್ಲಿ ಛಾಯಾಗ್ರಾಹಕಿಯೊಬ್ಬಳು ಮನೆ ಹಿಡಿದದ್ದು ಕಾಕತಾಳೀಯವಿರಬಹುದು. ಕಾಯುವ ಆಸ್ಥೆ ಇಲ್ಲದ ಯಾವ ಗ್ಯಾಲರಿಯನ್ನೂ ನೆಚ್ಚದೆ, 1954ರಲ್ಲಿ ತಮ್ಮ ಛಾಯಾಚಿತ್ರಗಳ ಮೊದಲ ಪ್ರದರ್ಶನವನ್ನು ಆ ಮನೆಯ ಅಂಗಳದಲ್ಲಿಯೇ ಏರ್ಪಡಿಸಿದ್ದು ಮಾತ್ರ ಕಾಕತಾಳೀಯವಲ್ಲ, ಅದು ಸ್ವಭಾವ.

ಅದೇ ವರ್ಷ ಸೆತ್ ಪಟ್ಟಣದ ಬೆಸ್ತರ ಕೇರಿಯಲ್ಲಿ ಅವರು ತಮ್ಮ ಮೊದಲ ಚಿತ್ರ ‘ಲಾ ಪ್ವಾಂತ್ ಕೂರ್ತ್’ ಅನ್ನು ಚಿತ್ರೀಕರಿಸಿದರು. ಆಗ ಅವರಿಗೆ ಇಪ್ಪತ್ತಾರು. ಅಲ್ಲಿಯವರೆಗೆ ಅವರು ನೋಡಿದ್ದ ಸಿನಿಮಾಗಳು ಬೆರಳೆಣಿಕೆಯವು. ಕಲಾವಿದರೂ ತಂತ್ರಜ್ಞರೂ ಸಂಬಳದ ಬದಲು ಪಾಲುಗಾರರಾಗಿ ಸೇರಿಕೊಂಡ ಸಹಕಾರಿ ಪ್ರಯತ್ನ ಅದು. ಒಂದು ಕಡೆ ಮುರಿಯುತ್ತಿರುವ ದಾಂಪತ್ಯವೊಂದರ ಮಾತುಕತೆ, ಇನ್ನೊಂದು ಕಡೆ ಬೆಸ್ತರ ನಿತ್ಯದ ಹೋರಾಟ. ಎರಡೂ ಒಂದಕ್ಕೊಂದು ಬೆರೆಯದೆ, ಸರದಿಯಂತೆ ಬಂದುಹೋಗುತ್ತವೆ. ಈ ರಚನೆಯನ್ನು ಅವರು ಪಡೆದದ್ದು ಸಿನಿಮಾದಿಂದಲ್ಲ, ಅಮೆರಿಕದ ಕಾದಂಬರಿಕಾರ ಫಾಕ್ನರನಿಂದ. ಸಂಕಲನ ಮಾಡಿದವರು ಮುಂದೆ ತಾವೇ ದೊಡ್ಡ ನಿರ್ದೇಶಕರಾದ ಅಲೆನ್ ರೆನೆ. ತ್ರೂಫೋ ಅವರ ‘400 ಏಟುಗಳು’ (1959) ಮತ್ತು ಗೊದಾರ್ ಅವರ ‘ಬ್ರೆತ್‌ಲೆಸ್’ (1960) ಬರುವುದಕ್ಕೆ ಕೆಲವು ವರ್ಷ ಮೊದಲೇ ಫ್ರೆಂಚ್ ಸಿನಿಮಾದ ‘ಹೊಸ ಅಲೆ’ ಈ ಕೇರಿಯ ದಡವನ್ನು ಮುಟ್ಟಿತ್ತು. ಆದರೆ ಹೊಸ ಅಲೆಯ ಇತಿಹಾಸ ಬರೆದವರು ಬಹುಕಾಲ ಆ ಗಂಡಸರ ಹೆಸರುಗಳಿಂದಲೇ ಕತೆಯನ್ನು ಆರಂಭಿಸಿದರು. ಸಿನಿಮಾದ ಚರಿತ್ರೆಯೂ ಹೀಗೆ ಒಂದಷ್ಟು ತೆನೆಗಳನ್ನು ಹೊಲದಲ್ಲಿಯೇ ಬಿಟ್ಟು ಹೊರೆ ಕಟ್ಟುತ್ತದೆ.

ಚಿತ್ರಕಲೆ ಅವರ ಸಿನಿಮಾಕ್ಕೆ ಹೊರಗಿನಿಂದ ತಂದು ಹಚ್ಚಿದ ಅಲಂಕಾರವಾಗಿರಲಿಲ್ಲ. ‘5ರಿಂದ 7ರವರೆಗಿನ ಕ್ಲೆಯೋ’ (1962) ಚಿತ್ರದಲ್ಲಿ ಕ್ಯಾನ್ಸರ್ ಪರೀಕ್ಷೆಯ ಫಲಿತಾಂಶಕ್ಕಾಗಿ ಕಾಯುತ್ತಿರುವ ಗಾಯಕಿಯೊಬ್ಬಳು ಪ್ಯಾರಿಸ್ಸಿನ ಬೀದಿಗಳಲ್ಲಿ ಅಲೆಯುತ್ತಾಳೆ. ಈ ಕತೆಯ ಹಿಂದಿದ್ದದ್ದು ಹದಿನಾರನೆಯ ಶತಮಾನದ ಜರ್ಮನ್ ಕಲಾವಿದ ಹಾನ್ಸ್ ಬಾಲ್ಡುಂಗ್ ಗ್ರೀನನ ಚಿತ್ರಗಳು. ಅವುಗಳಲ್ಲಿ ಚೆಲುವೆಯೊಬ್ಬಳನ್ನು ಅಸ್ಥಿಪಂಜರದಂಥ ಸಾವು ಹಿಂದಿನಿಂದ ತಬ್ಬಿಕೊಂಡಿರುತ್ತದೆ. ಚಿತ್ರದ ಮೊದಲ ಅರ್ಧದಲ್ಲಿ ಎಲ್ಲರೂ ಕ್ಲೆಯೋಳನ್ನು ನೋಡುತ್ತಾರೆ, ಅವಳೂ ಕನ್ನಡಿಯಲ್ಲಿ ತನ್ನನ್ನೇ ನೋಡಿಕೊಳ್ಳುತ್ತಾಳೆ. ಉತ್ತರಾರ್ಧದಲ್ಲಿ ಅವಳು ಇತರರನ್ನು ನೋಡಲು ಕಲಿಯುತ್ತಾಳೆ. ಇಷ್ಟೇ ಕತೆ. ಮುಂದೆ ‘ಸುಖ’ ಎಂಬರ್ಥದ ಹೆಸರಿನ 1965ರ ಚಿತ್ರದಲ್ಲಿ ಇಂಪ್ರೆಷನಿಸ್ಟ್ ಕಲಾವಿದರ ಬಿಸಿಲು, ಹೂವು, ಹಸಿರನ್ನು ತುಂಬಿ, ಆ ಚೆಲುವಿನ ನಡುವೆಯೇ ಕ್ರೌರ್ಯವೊಂದು ಸದ್ದಿಲ್ಲದೆ ನಡೆದುಹೋಗುವುದನ್ನು ತೋರಿಸಿದರು. ಅಲ್ಲಿ ದೃಶ್ಯವೊಂದು ಕರಗುವಾಗ ತೆರೆ ಕಪ್ಪಾಗುವುದಿಲ್ಲ, ಕೆಂಪಾಗುತ್ತದೆ, ನೀಲಿಯಾಗುತ್ತದೆ. ಬರವಣಿಗೆಯಲ್ಲಿ ಶೈಲಿಯೆನ್ನುವುದಕ್ಕೆ ಸಿನಿಮಾದಲ್ಲಿ ಸಮನಾದುದನ್ನು ಅವರು ‘ಸಿನಿ ಬರಹ’ ಎಂದು ಕರೆಯುತ್ತಿದ್ದರು. ಕ್ಯಾಮೆರಾದ ಚಲನೆ, ಬಣ್ಣ, ಸಂಕಲನ, ಸದ್ದು, ಎಲ್ಲವೂ ಆ ಬರಹದ ಅಕ್ಷರಗಳೇ.

1985ರ ‘ಸೂರೂ ಇಲ್ಲದ ಕಟ್ಟೂ ಇಲ್ಲದ’ ಚಿತ್ರ ವೆನಿಸ್ ಚಿತ್ರೋತ್ಸವದಲ್ಲಿ ಚಿನ್ನದ ಸಿಂಹ ಪ್ರಶಸ್ತಿ ಪಡೆಯಿತು. ಚಳಿಗೆ ಸೆಟೆದು ಹಳ್ಳದಲ್ಲಿ ಸತ್ತುಬಿದ್ದ ಅಲೆಮಾರಿ ಹುಡುಗಿ ಮೋನಾಳ ಹೆಣದಿಂದ ಆ ಚಿತ್ರ ಆರಂಭವಾಗುತ್ತದೆ. ಅವಳನ್ನು ಕಂಡವರು ತಂತಮ್ಮ ತುಣುಕು ನೆನಪುಗಳನ್ನು ಹೇಳುತ್ತಾರೆ. ತುಣುಕುಗಳನ್ನೆಲ್ಲ ಕೂಡಿಸಿದರೂ ಮೋನಾ ಪೂರ್ತಿಯಾಗುವುದಿಲ್ಲ. ನಡುನಡುವೆ ಅವಳು ನಡೆಯುವಾಗ ಕ್ಯಾಮೆರಾ ಅವಳೊಡನೆ ಬಲದಿಂದ ಎಡಕ್ಕೆ ಸಾಗುತ್ತದೆ. ಎಡದಿಂದ ಬಲಕ್ಕೆ ಓದಿ ರೂಢಿಯಾದ ನಮ್ಮ ಕಣ್ಣಿಗೆ ಅದು ಪ್ರವಾಹಕ್ಕೆದುರಾದ ನಡಿಗೆಯೆನಿಸುತ್ತದೆ. ಪ್ರತಿ ನಡಿಗೆಯೂ ಒಂದು ಬೇಸಾಯದ ಸಲಕರಣೆಯ ಮೇಲೋ ಇನ್ನಾವುದೋ ವಸ್ತುವಿನ ಮೇಲೋ ನಿಲ್ಲುತ್ತದೆ. ಮುಂದಿನ ನಡಿಗೆ ಅಂಥದೇ ವಸ್ತುವಿನಿಂದ ಮೊದಲಾಗುತ್ತದೆ. ನಡುವೆ ಹತ್ತಾರು ನಿಮಿಷಗಳ ಅಂತರ. ಈ ಸಾಲನ್ನು ಚಿತ್ರದಿಂದ ಬಿಡಿಸಿ ಗೋಡೆಯೊಂದರ ಮೇಲೆ ಹರಡಿದರೆ ಅದೇ ಒಂದು ಕಲಾಪ್ರದರ್ಶನವಾದೀತು. ಗ್ಯಾಲರಿಗೆ ಹೋಗುವ ಮೊದಲೇ ಗ್ಯಾಲರಿಯ ಕಣ್ಣು ಅವರಲ್ಲಿತ್ತೆನ್ನಲು ಬೇರೆ ಸಾಕ್ಷಿ ಬೇಡ.

ಛಾಯಾಚಿತ್ರವನ್ನೂ ಅವರು ಹಿಂದೆ ಬಿಟ್ಟು ಬಂದಿರಲಿಲ್ಲ. 1954ರಲ್ಲಿ ಕಡಲತೀರವೊಂದರಲ್ಲಿ ತೆಗೆದ ಒಂದು ಚಿತ್ರವಿದೆ: ಬೆನ್ನು ತಿರುಗಿಸಿ ನಿಂತ ಬೆತ್ತಲೆ ಗಂಡಸು, ಕುಳಿತ ಒಬ್ಬ ಪುಟ್ಟ ಹುಡುಗ, ಮುಂದೆ ಸತ್ತುಬಿದ್ದ ಒಂದು ಮೇಕೆ. ಇಪ್ಪತ್ತೆಂಟು ವರ್ಷಗಳ ಬಳಿಕ, 1982ರಲ್ಲಿ, ಅವರು ಆ ಚಿತ್ರವನ್ನು ಕೈಯಲ್ಲಿ ಹಿಡಿದು ಅದರೊಳಗಿದ್ದವರನ್ನು ಹುಡುಕಿಕೊಂಡು ಹೊರಟರು. ಆ ಹುಡುಗ ಆ ವೇಳೆಗೆ ಬೆಳೆದು ಸಂಸಾರಸ್ಥನಾಗಿದ್ದ. ಆ ದಿನದ ನೆನಪೇ ಅವನಿಗೆ ಇರಲಿಲ್ಲ. ಚಿತ್ರವನ್ನು ಮೇಕೆಯೊಂದಕ್ಕೂ ತೋರಿಸಲಾಯಿತು. ಅದು ತನ್ನ ಸ್ವಭಾವಕ್ಕೆ ತಕ್ಕಂತೆ ಚಿತ್ರವನ್ನು ತಿನ್ನತೊಡಗಿತು! ‘ಯುಲಿಸ್’ ಎಂಬ ಆ ಕಿರುಚಿತ್ರ ಛಾಯಾಚಿತ್ರದ ಮಿತಿಯನ್ನು ಕುರಿತು ಒಬ್ಬ ಛಾಯಾಗ್ರಾಹಕಿ ಮಾಡಿದ ಅತ್ಯಂತ ಪ್ರಾಮಾಣಿಕವಾದ ಟಿಪ್ಪಣಿ. ಚಿತ್ರ ಉಳಿಯುತ್ತದೆ, ಆದರೆ ಚಿತ್ರದೊಳಗಿನ ಗಳಿಗೆ ಯಾರದು? ನಿಂತ ಚಿತ್ರ ಕೇಳಿದ ಪ್ರಶ್ನೆಗೆ ಚಲಿಸುವ ಚಿತ್ರ ಉತ್ತರ ಹುಡುಕುತ್ತದೆ, ಸಿಗದಾಗ ಅದನ್ನೂ ಮುಚ್ಚಿಡುವುದಿಲ್ಲ.

ಈ ದಾರಿಯೇನೂ ಸುಗಮವಾಗಿರಲಿಲ್ಲ. ಹಣ ಹೂಡುವವರ ಮರ್ಜಿ ಕಾಯಲಾಗದೆ ಅವರು ತಮ್ಮದೇ ನಿರ್ಮಾಣ ಸಂಸ್ಥೆ ಕಟ್ಟಿಕೊಂಡರು. ‘ಸಿನೆ ತಮಾರಿಸ್’ ಎಂಬ ಹೆಸರಿನಿಂದ ಅದು ಅವರ ಮನೆಯೆದುರಿನ ಅದೇ ಬೀದಿಯಿಂದಲೇ ನಡೆಯಿತು. ಮಗನಿನ್ನೂ ಎಳೆಗೂಸಾಗಿದ್ದ ದಿನಗಳಲ್ಲಿ ಮನೆ ಬಿಟ್ಟು ದೂರ ಹೋಗುವಂತಿರಲಿಲ್ಲ. ಆಗ ಅವರು ಮನೆಯ ವಿದ್ಯುತ್ತಿಗೇ ಕೇಬಲ್ ಸಿಕ್ಕಿಸಿ, ಆ ತೊಂಬತ್ತು ಮೀಟರ್ ತಂತಿ ಎಲ್ಲಿಯವರೆಗೆ ಎಟಕುವುದೋ ಅಲ್ಲಿಯವರೆಗಿನ ಅಂಗಡಿಗಳನ್ನೇ ಚಿತ್ರೀಕರಿಸಿದರು. ರೊಟ್ಟಿಯಂಗಡಿ, ಮಾಂಸದಂಗಡಿ, ಅತ್ತರಿನ ಅಂಗಡಿಯ ವೃದ್ಧ ದಂಪತಿಗಳು - 1970ರ ದಶಕದ ‘ದಾಗೇರೊಟೈಪ್‌ಗಳು’ ಎಂಬ ಸಾಕ್ಷ್ಯಚಿತ್ರ ಹುಟ್ಟಿದ್ದು ಹೀಗೆ. ತಾಯ್ತನ ಹಾಕಿದ ಗೆರೆಯನ್ನೇ ಕಲೆಯ ಚೌಕಟ್ಟಾಗಿಸಿಕೊಂಡ ಈ ಬಗೆ ನನಗೆ ಅವರ ಎಲ್ಲ ಪ್ರಶಸ್ತಿಗಳಿಗಿಂತ ದೊಡ್ಡದಾಗಿ ಕಾಣುತ್ತದೆ.

ಸೋಲುಗಳೂ ಇದ್ದವು. ಸಿನಿಮಾದ ನೂರನೆಯ ವರ್ಷದ ಸಂಭ್ರಮಕ್ಕಾಗಿ 1995ರಲ್ಲಿ ಜಗತ್ತಿನ ತಾರೆಗಳನ್ನೆಲ್ಲ ಕಲೆಹಾಕಿ ತೆಗೆದ ‘ನೂರೊಂದು ರಾತ್ರಿಗಳು’ ಚಿತ್ರ ನೆಲಕಚ್ಚಿತು. ಅದಕ್ಕೂ ಮುನ್ನ, 1990ರಲ್ಲಿ, ಅವರ ಪತಿ, ನಿರ್ದೇಶಕ ಜಾಕ್ ದೆಮಿ ತೀರಿಕೊಂಡಿದ್ದರು. ದೆಮಿ ಅವರ ಬಾಲ್ಯವನ್ನು ಕುರಿತ ಚಿತ್ರವನ್ನು ವಾರ್ದಾ ಅವರೇ ನಿರ್ದೇಶಿಸುತ್ತಿದ್ದಾಗ ದೆಮಿ ಸಾವಿನ ಅಂಚಿನಲ್ಲಿದ್ದರು. ಆ ಚಿತ್ರದಲ್ಲಿ ಕ್ಯಾಮೆರಾ ಗಂಡನ ಚರ್ಮ, ಕೂದಲು, ಕಣ್ಣುಗಳ ಮೇಲೆ ತೀರ ಹತ್ತಿರದಿಂದ, ನೇವರಿಸುವಂತೆ ಸಾಗುತ್ತದೆ. ಎತ್ತಿಟ್ಟುಕೊಳ್ಳಬೇಕಾದದ್ದು ಈಗ ಹೊಲದ ತೆನೆಯಾಗಿರಲಿಲ್ಲ.

ಇಂಥ ಹೊತ್ತಿನಲ್ಲಿ ಮಾರುಕಟ್ಟೆಗೆ ಬಂದದ್ದು ಅಂಗೈಯಲ್ಲಿ ಹಿಡಿಯಬಹುದಾದ ಸಣ್ಣ ಡಿಜಿಟಲ್ ಕ್ಯಾಮೆರಾ. ಎಪ್ಪತ್ತರ ಗಡಿ ದಾಟಿದ್ದ ವಾರ್ದಾ ಅದನ್ನು ಹಿಡಿದು ಫ್ರಾನ್ಸಿನ ಹೊಲ, ತೋಟ, ಸಂತೆ, ಕಸದ ರಾಶಿಗಳಿಗೆ ಹೊರಟರು. ಮಿಲ್ಲೆ 1857ರಲ್ಲಿ ಬರೆದ ಮೂವರು ಹಕ್ಕಲಾಯುವ ಹೆಂಗಸರ ಪ್ರಸಿದ್ಧ ಚಿತ್ರ ಅವರ ಆರಂಭಬಿಂದು. ಆ ಹೆಂಗಸರ ಬೆನ್ನು ಇಂದು ಎಲ್ಲಿ ಬಾಗುತ್ತಿದೆ ಎಂಬುದು ಅವರ ಪ್ರಶ್ನೆ. ಉತ್ತರವಾಗಿ ಸಿಕ್ಕಿದ್ದು ಆಕಾರ ಸರಿಯಿಲ್ಲವೆಂದು, ಗಾತ್ರ ಹೆಚ್ಚಾಯಿತೆಂದು ಟನ್ನುಗಟ್ಟಲೆ ಸುರಿದ ಆಲೂಗಡ್ಡೆಯ ರಾಶಿ. ಅದರಲ್ಲಿ ಹೃದಯದಾಕಾರದ ಒಂದು ಗಡ್ಡೆ ಕಣ್ಣಿಗೆ ಬೀಳುತ್ತದೆ. ಅಂಥವನ್ನು ಆಯ್ದು ಮನೆಗೆ ತಂದು, ಒಣಗಲು ಬಿಟ್ಟು, ಅವು ಸುಕ್ಕುಗಟ್ಟುವುದನ್ನು ನೋಡುತ್ತಾರೆ. ಒಂದು ಕೈಯಲ್ಲಿ ಕ್ಯಾಮೆರಾ ಹಿಡಿದು ಇನ್ನೊಂದು ಕೈಯನ್ನು ಚಿತ್ರಿಸಿಕೊಳ್ಳುತ್ತಾರೆ. ಆ ಕೈಯೂ ಸುಕ್ಕುಗಟ್ಟಿದೆ. ಬೀದಿಯಲ್ಲಿ ಯಾರೋ ಬಿಸಾಡಿದ, ಮುಳ್ಳುಗಳಿಲ್ಲದ ಗಡಿಯಾರವೊಂದನ್ನು ತಂದು ಮನೆಯಲ್ಲಿಡುತ್ತಾರೆ. ಕಾಲ ಓಡುವುದನ್ನು ತೋರಿಸದ ಗಡಿಯಾರವೇ ತಮಗೆ ಅನುಕೂಲವೆಂಬುದು ಅವರ ತಮಾಷೆ.

ಈ ಚಿತ್ರವನ್ನು ನಾನು ನೋಡಿದ್ದು ಬೆಂಗಳೂರಿನ ಚಿತ್ರಸಮಾಜವೊಂದರ ಪ್ರದರ್ಶನದಲ್ಲಿ. ಕೆಲವು ದಿನಗಳ ಬಳಿಕ ಕೃಷ್ಣರಾಜೇಂದ್ರ ಮಾರುಕಟ್ಟೆಯ ಬಳಿ ಹಾದುಹೋಗುತ್ತಿದ್ದಾಗ, ವ್ಯಾಪಾರ ಮುಗಿದ ಜಾಗದಲ್ಲಿ ಹೆಂಗಸೊಬ್ಬಳು ಬಾಗಿ ಟೊಮೆಟೊ ಆಯುತ್ತಿದ್ದುದನ್ನು ಕಂಡೆ. ಅಂಥ ನೋಟ ಹೊಸದಲ್ಲ. ವರ್ಷಗಳಿಂದ ಆ ದಾರಿಯಲ್ಲಿ ಓಡಾಡಿದ್ದೇನೆ. ಆದರೆ ಅವಳು ಸಿಕ್ಕಿದ್ದನ್ನೆಲ್ಲ ತುಂಬಿಕೊಳ್ಳುತ್ತಿರಲಿಲ್ಲ. ಒಂದೊಂದನ್ನೂ ಹೆಬ್ಬೆರಳಿನಿಂದ ಒತ್ತಿ, ತಿರುಗಿಸಿ ನೋಡಿ, ಕೆಲವನ್ನು ಮರಳಿ ನೆಲಕ್ಕಿಡುತ್ತಿದ್ದಳು. ಅಂಗಡಿಯಲ್ಲಿ ದುಡ್ಡು ಕೊಟ್ಟು ಕೊಳ್ಳುವವರು ಆರಿಸುವಷ್ಟೇ ನಿಗಾದಿಂದ ಆರಿಸುತ್ತಿದ್ದಳು. ಬಡತನವೆಂದರೆ ಆಯ್ಕೆಯೇ ಇಲ್ಲದ ಸ್ಥಿತಿ ಎಂದು ದೂರದಿಂದ ನೋಡುವ ನಾವು ಅಂದುಕೊಂಡಿರುತ್ತೇವೆ. ‘ಆಯುವುದು’ ಎಂಬ ಕನ್ನಡ ಪದದೊಳಗೇ ಆಯ್ಕೆ ಇದೆಯೆಂಬುದು ನನಗೆ ಹೊಳೆದದ್ದು ಅಂದು.

ಆ ಹೃದಯದಾಕಾರದ ಆಲೂಗಡ್ಡೆಗಳೇ ವಾರ್ದಾ ಅವರನ್ನು ವೆನಿಸ್‌ಗೆ ಕರೆದೊಯ್ದವು. 2003ರ ಬಿನಾಲೆಯಲ್ಲಿ ಅವರ ‘ಪತಾತುತೋಪಿಯಾ’ ಎಂಬ ಕೃತಿಯಲ್ಲಿ ಮೂರು ತೆರೆಗಳಿದ್ದವು. ಮುದುಡಿದ ಗಡ್ಡೆಗಳು, ಅವುಗಳಿಂದ ಹೊರಟ ಮೊಳಕೆಗಳು, ಬೇರಿನ ಎಳೆಗಳು ಆ ತೆರೆಗಳ ಮೇಲೆ ಉಸಿರಾಡುವಂತೆ ಚಲಿಸುತ್ತಿದ್ದವು. ಎದುರಿನ ನೆಲದ ಮೇಲೆ ಏಳುನೂರು ಕಿಲೋ ನಿಜವಾದ ಆಲೂಗಡ್ಡೆ. ಕಲಾವಿದೆ ಸ್ವತಃ ಆಲೂಗಡ್ಡೆಯ ವೇಷ ತೊಟ್ಟು ಪ್ರೇಕ್ಷಕರ ನಡುವೆ ಓಡಾಡಿದರು.

ಇಲ್ಲಿ ಒಂದು ಆಕ್ಷೇಪ ಏಳುವುದು ಸಹಜ, ಏಳಲೂ ಬೇಕು. ಹಸಿದವರು ಹೊಲದಲ್ಲಿ ಆಯ್ದುಕೊಳ್ಳುವ ಗಡ್ಡೆಯನ್ನು ಸಿರಿವಂತರು ಸುತ್ತಾಡುವ ಕಲಾಮೇಳದ ನೆಲಕ್ಕೆ ಸುರಿಯುವುದು ಎಂಥ ನ್ಯಾಯ? ಟಿಕೆಟ್ ಕೊಂಡ ಯಾರಾದರೂ ಕತ್ತಲಲ್ಲಿ ಸರಿಸಮನಾಗಿ ಕೂರಬಹುದಾದ ಸಿನಿಮಾವನ್ನು ಬಿಟ್ಟು ಗ್ಯಾಲರಿಯ ಬಿಳಿಗೋಡೆಗಳಿಗೆ ಹೋಗುವುದು ಬಹುಜನರಿಗೆ ಬೆನ್ನು ತಿರುಗಿಸಿದಂತಲ್ಲವೇ? ಬಡತನವನ್ನು ಚೆಂದಗಾಣಿಸುವ ಕಲೆಯನ್ನು ನಾವು ಸಾಕಷ್ಟು ಕಂಡಿದ್ದೇವೆ.

ಈ ಆಕ್ಷೇಪಕ್ಕೆ ಪೂರ್ಣ ಸಮಾಧಾನ ನನ್ನಲ್ಲಿಲ್ಲ. ಆದರೆ ವಾರ್ದಾ ಅದಕ್ಕೆ ಕಿವುಡಾಗಿರಲಿಲ್ಲ. 2002ರಲ್ಲಿ ಅವರು ‘ಎರಡು ವರ್ಷಗಳ ನಂತರ’ ಎಂಬ ಇನ್ನೊಂದು ಚಿತ್ರ ತೆಗೆದು, ಮೊದಲ ಚಿತ್ರದ ಜನರ ಬಳಿಗೆ ಮರಳಿ ಹೋದರು. ಅವರಲ್ಲಿ ಒಬ್ಬ ವಿದ್ಯಾವಂತ. ಸಂತೆ ಮುಗಿದ ಮೇಲೆ ಬಿದ್ದಿರುವ ಸೊಪ್ಪು, ಹಣ್ಣು ತಿಂದು ಬದುಕುತ್ತಿದ್ದವನು. ಸಂಜೆ ವಲಸಿಗರಿಗೆ ಬಿಟ್ಟಿಯಾಗಿ ಫ್ರೆಂಚ್ ಕಲಿಸುತ್ತಿದ್ದವನು. ಚಿತ್ರ ಚೆನ್ನಾಗಿದೆ, ಆದರೆ ನಿರ್ದೇಶಕಿ ತನ್ನನ್ನೇ ತೋರಿಸಿಕೊಂಡ ಭಾಗಗಳು ಬೇಕಿರಲಿಲ್ಲ ಎಂದು ಅವನು ಮುಖಕ್ಕೇ ಹೇಳುತ್ತಾನೆ. ಸಂಕಲನದ ಮೇಜಿನ ಮೇಲೆ ಆ ಮಾತನ್ನು ಕತ್ತರಿಸಿ ಎಸೆಯುವುದು ಸುಲಭವಿತ್ತು. ವಾರ್ದಾ ಅದನ್ನು ಉಳಿಸಿಕೊಂಡರು. ತನಗೆ ಅಹಿತವಾದುದನ್ನೂ ಎತ್ತಿಟ್ಟುಕೊಳ್ಳುವುದು ಹಕ್ಕಲಾಯುವವರ ನಿಯಮವಾಗಿದ್ದರೆ, ಅದನ್ನು ಅವರು ಪಾಲಿಸಿದರು. ಚಿತ್ರಿಸಿಕೊಂಡವನಿಗೆ ಚಿತ್ರಿಸಿದವರನ್ನು ವಿಮರ್ಶಿಸುವ ಅಧಿಕಾರ ಕೊಟ್ಟ ಚಿತ್ರಗಳು ಜಗತ್ತಿನಲ್ಲಿ ಎಷ್ಟಿವೆ?

ಇನ್ನು ಗ್ಯಾಲರಿ ಏಕೆ ಬೇಕಾಯಿತು ಎಂಬುದಕ್ಕೆ ನನಗೆ ಸಿಕ್ಕ ಅತ್ಯುತ್ತಮ ಉತ್ತರ ‘ನ್ವಾರ್ಮೂತಿಯೆಯ ವಿಧವೆಯರು’ ಎಂಬ 2005ರ ಕೃತಿ. ನ್ವಾರ್ಮೂತಿಯೆ ಅಟ್ಲಾಂಟಿಕ್ ತೀರದ ಒಂದು ದ್ವೀಪ. ವಾರ್ದಾ ಮತ್ತು ದೆಮಿ ಅವರಿಗೆ ಅಲ್ಲಿ ಮನೆಯಿತ್ತು. ಕೃತಿಯ ನಡುವಿನ ದೊಡ್ಡ ತೆರೆಯಲ್ಲಿ ಕಪ್ಪುಡುಗೆಯ ಹೆಂಗಸರು ಕಡಲತೀರದಲ್ಲಿ ಮೇಜೊಂದನ್ನು ಸುತ್ತುತ್ತಾರೆ. ಅದರ ಸುತ್ತ ಹದಿನಾಲ್ಕು ಪುಟ್ಟ ತೆರೆಗಳು, ಒಂದೊಂದರಲ್ಲಿ ಒಬ್ಬೊಬ್ಬ ವಿಧವೆ. ಎದುರಿಗೆ ಹದಿನಾಲ್ಕು ಕುರ್ಚಿಗಳು, ಪ್ರತಿ ಕುರ್ಚಿಗೂ ಒಂದು ಹೆಡ್‌ಫೋನ್. ನೀವು ಯಾವ ಕುರ್ಚಿಯಲ್ಲಿ ಕುಳಿತಿರೋ ಆ ಒಬ್ಬಳ ಮಾತು ಮಾತ್ರ ನಿಮಗೆ ಕೇಳುತ್ತದೆ. ಉಳಿದ ಹದಿಮೂರು ಮಂದಿ ನಿಮ್ಮೆದುರು ಮೌನವಾಗಿ ತುಟಿಯಾಡಿಸುತ್ತಿರುತ್ತಾರೆ. ಇನ್ನೊಬ್ಬಳನ್ನು ಕೇಳಬೇಕಾದರೆ ಎದ್ದು ಇನ್ನೊಂದು ಕುರ್ಚಿಗೆ ಹೋಗಬೇಕು, ಅದು ಖಾಲಿಯಾಗುವವರೆಗೆ ಕಾಯಬೇಕು. ಆ ಹದಿನಾಲ್ವರಲ್ಲಿ ಒಬ್ಬರು ವಾರ್ದಾ, ಅವರು ಮಾತಾಡುವುದಿಲ್ಲ.

ಇದನ್ನು ಸಿನಿಮಾ ಮಾಡಲಾರದು. ಚಿತ್ರಮಂದಿರದಲ್ಲಿ ಮುನ್ನೂರು ಮಂದಿ ಒಬ್ಬಳ ದುಃಖವನ್ನು ಒಟ್ಟಿಗೆ ಕೇಳುತ್ತಾರೆ. ನಿರ್ದೇಶಕರು ಹೇಳಿದಷ್ಟು ಹೊತ್ತು, ಹೇಳಿದ ಕ್ರಮದಲ್ಲಿ ಕೇಳುತ್ತಾರೆ. ಇಲ್ಲಿ ಒಬ್ಬರ ಎದುರು ಒಬ್ಬರು. ಸಾವಿನ ಮನೆಗೆ ಹೋದವರು ಮಾಡುವುದಾದರೂ ಇದನ್ನೇ ಅಲ್ಲವೇ? ಮನೆತುಂಬ ಜನರಿದ್ದರೂ ಪಕ್ಕದಲ್ಲಿ ಕುಳಿತು ಒಬ್ಬರ ಮಾತನ್ನು ಮಾತ್ರ ಕೇಳಬಹುದು. ಉಳಿದವರ ದುಃಖ ಕಣ್ಣಿಗೆ ಕಾಣುತ್ತದೆ, ಕಿವಿಗೆ ದಕ್ಕುವುದಿಲ್ಲ. ಮಾಧ್ಯಮ ಬದಲಾಗುವುದಕ್ಕೆ ಫ್ಯಾಷನ್ ಕಾರಣವಾಗಬಹುದು, ಮಾರುಕಟ್ಟೆ ಕಾರಣವಾಗಬಹುದು. ಇಲ್ಲಿ ಕಾರಣವಾದದ್ದು ಹೇಳಬೇಕಾದ ಮಾತಿನ ಒತ್ತಡ.

2006ರಲ್ಲಿ ಪ್ಯಾರಿಸ್ಸಿನ ಕಾರ್ತಿಯೆ ಪ್ರತಿಷ್ಠಾನದಲ್ಲಿ ಆ ದ್ವೀಪವನ್ನೇ ವಸ್ತುವಾಗಿಸಿಕೊಂಡ ಅವರ ದೊಡ್ಡ ಪ್ರದರ್ಶನ ನಡೆಯಿತು. ಅಲ್ಲಿ ಒಂದು ಗುಡಿಸಲಿತ್ತು. ಹೆಸರು ‘ಸೋಲಿನ ಗುಡಿಸಲು’. 1966ರಲ್ಲಿ ಕ್ಯಾಥರೀನ್ ದೆನವ್ ಮತ್ತು ಮಿಷೆಲ್ ಪಿಕೊಲಿ ನಟಿಸಿದ ‘ಜೀವಿಗಳು’ ಎಂಬ ಅವರ ಚಿತ್ರ ಸೋತಿತ್ತು. ಅದರ ರೀಲುಗಳು ಕೆಲಸಕ್ಕೆ ಬಾರದ ಸರಕಾಗಿ ಉಳಿದಿದ್ದವು. ವಾರ್ದಾ ಅವನ್ನು ಬಿಚ್ಚಿ, ಲೋಹದ ಚೌಕಟ್ಟಿನ ಮೇಲೆ ಪಟ್ಟಿಪಟ್ಟಿಯಾಗಿ ಇಳಿಬಿಟ್ಟು ಗೋಡೆಗಳನ್ನೂ ಮಾಡನ್ನೂ ಮಾಡಿದರು. ಒಂದೂವರೆ ಗಂಟೆಯ ಚಿತ್ರವೆಂದರೆ ಸುಮಾರು ಎರಡೂವರೆ ಕಿಲೋಮೀಟರ್ ಉದ್ದದ ಫಿಲ್ಮು; ಗುಡಿಸಲಿಗೆ ಧಾರಾಳವಾಗಿ ಸಾಕು. ಒಳಗೆ ನಿಂತರೆ ಬೆಳಕು ಆ ಸಾವಿರಾರು ಪುಟ್ಟ ಚೌಕಗಳ ಮೂಲಕ ಸೋಸಿ ಬರುತ್ತಿತ್ತು. ಹತ್ತಿರ ಹೋದರೆ ಉಗುರಿನಷ್ಟು ಗಾತ್ರದ ದೆನವ್, ಪಿಕೊಲಿ. ಯಾರೂ ನೋಡಲು ಬಾರದ ಚಿತ್ರ ಕೊನೆಗೆ ಜನರಿಗೆ ಒಳಹೋಗಿ ನಿಲ್ಲುವ ಸೂರಾಯಿತು.

ಇದನ್ನು ಓದುವ ಕನ್ನಡಿಗರಿಗೆ ಮನಸ್ಸು ಬೇರೊಂದು ಕಡೆ ಹೊರಳದಿರದು. 1934ರಲ್ಲಿ ತೆರೆಕಂಡ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ದ ಒಂದು ಪ್ರತಿಯೂ ಇಂದು ಉಳಿದಿಲ್ಲ. ಓಟ ಮುಗಿದ ಪ್ರಿಂಟುಗಳನ್ನು ಅವುಗಳಲ್ಲಿನ ಬೆಳ್ಳಿಗಾಗಿ ಕರಗಿಸುತ್ತಿದ್ದ ಕಾಲವೊಂದಿತ್ತು. ಸೆಕೆ ಮತ್ತು ತೇವ ಉಳಿದವುಗಳ ಲೆಕ್ಕ ಮುಗಿಸಿದವು. ಸಿನಿಮಾವನ್ನು ನಾವು ಕೊಯ್ಲಿನ ದಿನದ ಗಲ್ಲಾಪೆಟ್ಟಿಗೆಯಿಂದಷ್ಟೇ ಅಳೆದೆವು, ಕೊಯ್ಲಿನ ಮರುದಿನ ಹೊಲಕ್ಕೆ ಹೋಗಲಿಲ್ಲ. ಹೋಗುವವರು ಬೇಕಿತ್ತೆಂಬ ಅರಿವು ಬರುವ ವೇಳೆಗೆ ಬಹಳಷ್ಟು ಮಣ್ಣುಪಾಲಾಗಿತ್ತು.

ತೊಂಬತ್ತರ ಹೊಸ್ತಿಲಲ್ಲಿ ವಾರ್ದಾ ತಮಗಿಂತ ಐವತ್ತೈದು ವರ್ಷ ಕಿರಿಯನಾದ ಛಾಯಾಕಲಾವಿದ ಜೆಆರ್ ಜೊತೆ ಫ್ರಾನ್ಸಿನ ಊರುಗಳನ್ನು ಸುತ್ತಿದರು. ಕಂಡ ಸಾಮಾನ್ಯರ ಮುಖಗಳನ್ನು ಗೋಡೆಗಾತ್ರದಲ್ಲಿ ಮುದ್ರಿಸಿ ಅವರ ಮನೆ, ಕಾರ್ಖಾನೆ, ಕಣಜಗಳ ಮೇಲೆ ಅಂಟಿಸಿದರು. ಛಾಯಾಚಿತ್ರ, ಸಿನಿಮಾ, ದೃಶ್ಯಕಲೆ ಮೂರೂ ಒಂದೇ ಗಾಡಿಯಲ್ಲಿ ಪಯಣಿಸಿದ ಆ ಚಿತ್ರ, ‘ಮುಖಗಳು, ಊರುಗಳು’ (2017), ಆಸ್ಕರ್‌ಗೆ ನಾಮಕರಣಗೊಂಡಿತು. ಆ ವರ್ಷದ ನವೆಂಬರಿನಲ್ಲಿ ಅವರಿಗೆ ಗೌರವ ಆಸ್ಕರ್ ಕೂಡ ಸಂದಿತ್ತು. ಚಿತ್ರದಲ್ಲೊಂದು ಪ್ರಸಂಗ: ಹಿಂದೆ ಯುದ್ಧಕಾಲದಲ್ಲಿ ಕಟ್ಟಿದ ಕಾಂಕ್ರೀಟ್ ಕೋಟೆಯ ತುಂಡೊಂದು ಕಡಲತೀರದಲ್ಲಿ ಬಿದ್ದಿದೆ. ವಾರ್ದಾ ದಶಕಗಳ ಹಿಂದೆ ತೆಗೆದಿದ್ದ ಗೆಳೆಯನೊಬ್ಬನ ಚಿತ್ರವನ್ನು ಅದರ ಮೇಲೆ ಅಂಟಿಸುತ್ತಾರೆ. ಮರುದಿನ ಬಂದು ನೋಡಿದರೆ ರಾತ್ರಿಯ ಭರತ ಅದನ್ನು ಪೂರ್ತಿ ತೊಳೆದುಕೊಂಡು ಹೋಗಿದೆ. ಅದಕ್ಕಾಗಿ ಯಾರೂ ಗೋಳಾಡುವುದಿಲ್ಲ. ಕಡಲೂ ತನ್ನ ಹಕ್ಕಲನ್ನು ಆಯ್ದುಕೊಂಡಿತು, ಅಷ್ಟೇ.

2019ರ ಮಾರ್ಚ್ 29ರಂದು, ತೊಂಬತ್ತನೆಯ ವಯಸ್ಸಿನಲ್ಲಿ, ವಾರ್ದಾ ತೀರಿಕೊಂಡರು. ತಮ್ಮ ಕೆಲಸವನ್ನು ತಾವೇ ವಿವರಿಸುವ ಅವರ ಕೊನೆಯ ಚಿತ್ರ ಅದಕ್ಕೆ ಕೆಲವೇ ವಾರ ಮೊದಲು ಬರ್ಲಿನ್ ಚಿತ್ರೋತ್ಸವದಲ್ಲಿ ಪ್ರದರ್ಶನಗೊಂಡಿತ್ತು. 2022ರಲ್ಲಿ ಬ್ರಿಟನ್ನಿನ ‘ಸೈಟ್ ಅಂಡ್ ಸೌಂಡ್’ ಪತ್ರಿಕೆ ವಿಮರ್ಶಕರ ಮತದಿಂದ ಸಿದ್ಧಪಡಿಸಿದ ಸಾರ್ವಕಾಲಿಕ ಶ್ರೇಷ್ಠ ಚಿತ್ರಗಳ ಪಟ್ಟಿಯಲ್ಲಿ ‘ಕ್ಲೆಯೋ’ ಹದಿನಾಲ್ಕನೆಯ ಸ್ಥಾನದಲ್ಲಿತ್ತು. ‘ಹಕ್ಕಲಾಯುವವರು’ ಚಿತ್ರವೂ ಮೊದಲ ನೂರರಲ್ಲಿತ್ತು. ಚರಿತ್ರೆ ತಾನು ಬಿಟ್ಟುಹೋಗಿದ್ದ ತೆನೆಗೆ ಮರಳಿ ಬಂದಂತಾಯಿತು.

‘ಹಕ್ಕಲಾಯುವವರು’ ಚಿತ್ರದ ಕೊನೆಯ ದೃಶ್ಯವನ್ನು ಇಲ್ಲಿ ಹೇಳಬೇಕು. ವಿಲ್‌ಫ್ರಾಂಷ್ ಎಂಬ ಊರಿನ ವಸ್ತುಸಂಗ್ರಹಾಲಯದ ಉಗ್ರಾಣದಲ್ಲಿ ಎದುವಾನ್ ಎಂಬ ಕಲಾವಿದನ ತೈಲಚಿತ್ರವೊಂದಿತ್ತು. ಬಿರುಗಾಳಿ ಬರುವ ಮೊದಲೇ ತೆನೆಯ ಹೊರೆ ಹೊತ್ತು ಓಡುತ್ತಿರುವ ಹಕ್ಕಲಾಯುವ ಹೆಂಗಸರ ಚಿತ್ರ ಅದು. ಗೋಡೆಯ ಮೇಲೆ ಜಾಗ ಸಿಗದೆ ಕತ್ತಲಲ್ಲಿ ಉಳಿದಿದ್ದ ಆ ಚಿತ್ರವನ್ನು ವಾರ್ದಾ ಅವರ ಕೋರಿಕೆಯ ಮೇಲೆ ಹೊರಗೆ ತರುತ್ತಾರೆ. ಅಂಗಳದಲ್ಲಿ ನಿಜವಾಗಿಯೂ ಗಾಳಿ ಬೀಸುತ್ತಿದೆ. ಇಬ್ಬರು ಹೆಂಗಸರು ಆ ದೊಡ್ಡ ಚಿತ್ರಪಟವನ್ನು ಗಾಳಿಗೆ ಬೀಳದಂತೆ ಎರಡೂ ಕಡೆಯಿಂದ ಹಿಡಿದುಕೊಂಡು, ಕ್ಯಾಮೆರಾ ನೋಡಿ ಮುಗಿಸುವವರೆಗೆ ಹಗಲಿನ ಬೆಳಕಿನಲ್ಲಿ ನಿಂತಿರುತ್ತಾರೆ.